ಕಷಾಯದಿಂದ ಚಹಾಕ್ಕೆ: ಪುಣೆಯ ಮನೆಗಳ ಮಸಾಲೆ ಚಹಾದ ಚಾರಿತ್ರಿಕ ಹಿನ್ನೆಲೆ

ಹಾಲು, ಶುಂಠಿ, ಏಲಕ್ಕಿಗಳನ್ನು ಕೂಡಿಸಿ ಕುದಿಸಿದ ಚಹಾ ಐದು ಸಾವಿರ ವರ್ಷಗಳಷ್ಟು ಹಳೆಯ ಭಾರತೀಯ ಪಾನೀಯವೆಂದೂ, ಯಾವನೋ ಒಬ್ಬ ಅರಸನ ಆಸ್ಥಾನದಲ್ಲಿ ಅದು ಮೊದಲು ಸಿದ್ಧವಾಯಿತೆಂದೂ ಹೇಳುವ ಕಥೆಯೊಂದು ಈಚಿನ ದಶಕಗಳಲ್ಲಿ ಬಹಳ ಪ್ರಚಾರದಲ್ಲಿದೆ. ಅರಸನ ಹೆಸರನ್ನಾಗಲಿ, ಗ್ರಂಥದ ಹೆಸರನ್ನಾಗಲಿ ಈ ಕಥೆ ಹೇಳುವುದಿಲ್ಲ. ಇದಕ್ಕೆ ನೇರ ಎದುರಾಗಿ, ಚಹಾ ಬ್ರಿಟಿಷರು ತಮ್ಮ ಲಾಭಕ್ಕಾಗಿ ಅಂಟಿಸಿದ ಚಟ, ಅದರಲ್ಲಿ ನಮ್ಮದೆನ್ನುವುದು ಏನೂ ಇಲ್ಲ ಎಂಬ ಮಾತೂ ವಿದ್ಯಾವಂತರ ವಲಯದಲ್ಲಿ ಕೇಳಿಬರುತ್ತದೆ. ಎರಡೂ ಅರ್ಧಸತ್ಯಗಳು. ಎಲೆ ಹೊಸದು, ಅದನ್ನು ಬೇಯಿಸುವ ವಿಧಾನ ಹಳೆಯದು ಎಂಬುದು ಪ್ರಸ್ತುತ ಲೇಖನದ ಪ್ರತಿಪಾದನೆ. ಪುಣೆ ನಗರದ ಮನೆಗಳಲ್ಲಿ ದಿನನಿತ್ಯ ತಯಾರಾಗುವ ಮಸಾಲೆ ಚಹಾವನ್ನು ಉದಾಹರಣೆಯಾಗಿಟ್ಟುಕೊಂಡು, ಕನ್ನಡದ ವೈದ್ಯ ಮತ್ತು ಪಾಕಶಾಸ್ತ್ರ ಗ್ರಂಥಪರಂಪರೆಯ ಹಿನ್ನೆಲೆಯಲ್ಲಿ ಈ ಮಾತನ್ನು ಪರಿಶೀಲಿಸಲಾಗಿದೆ.

ಪುಣೆಯನ್ನು ಆರಿಸಿಕೊಂಡುದಕ್ಕೆ ಕಾರಣಗಳಿವೆ. ಚಹಾದ ಒಂದು ಬಟ್ಟಲು ಧರ್ಮನಿರ್ಣಯದ ವಿಷಯವಾಗಿ ಮಠದವರೆಗೆ ಹೋದದ್ದು ಈ ಊರಿನಿಂದ. ಆ ಮಠ ಇದ್ದದ್ದು ಕನ್ನಡ ನಾಡಿನಲ್ಲಿ. ಅಲ್ಲದೆ, ಬೆಳಗಾವಿ, ಧಾರವಾಡ, ವಿಜಾಪುರಗಳು 1956ರವರೆಗೆ ಮುಂಬಯಿ ಪ್ರಾಂತದಲ್ಲಿದ್ದುದರಿಂದ ಆ ಭಾಗದ ಕನ್ನಡಿಗರಿಗೆ ವಿದ್ಯೆ, ನೌಕರಿ, ನ್ಯಾಯಾಲಯಗಳಿಗಾಗಿ ಪುಣೆ ಪರಸ್ಥಳವಾಗಿರಲಿಲ್ಲ. ಬೇಂದ್ರೆಯವರು 1918ರಲ್ಲಿ ಪದವಿ ಪಡೆದದ್ದು ಪುಣೆಯ ಫರ್ಗ್ಯುಸನ್ ಕಾಲೇಜಿನಲ್ಲಿ ಎಂಬುದನ್ನು ಇಲ್ಲಿ ನೆನೆದರೆ ಸಾಕು. ಮೈಸೂರಿನ ಕನ್ನಡಿಗ ಕಾಫಿಯವನಾಗಿಯೂ ಧಾರವಾಡದ ಕನ್ನಡಿಗ ಚಹಾದವನಾಗಿಯೂ ಉಳಿದುದರಲ್ಲಿ ಈ ಆಡಳಿತದ ಗೆರೆಗೂ ಪಾಲಿದೆ.

ಮೊದಲು ಗ್ರಂಥಗಳ ಸಾಕ್ಷ್ಯವನ್ನು ನೋಡೋಣ. ಎರಡನೆಯ ಚಾವುಂಡರಾಯನ ‘ಲೋಕೋಪಕಾರ’ (ಸು. 1025), ಜಗದ್ದಳ ಸೋಮನಾಥನ ‘ಕರ್ನಾಟಕ ಕಲ್ಯಾಣಕಾರಕ’ (ಸು. 1150), ಕಲ್ಯಾಣದ ಚಾಲುಕ್ಯ ಮೂರನೆಯ ಸೋಮೇಶ್ವರನ ಸಂಸ್ಕೃತ ‘ಮಾನಸೋಲ್ಲಾಸ’, ಮೂರನೆಯ ಮಂಗರಸನ ‘ಸೂಪಶಾಸ್ತ್ರ’ (ಸು. 1508) ಇವು ಯಾವುವೂ ಚಹಾದ ಎಲೆಯನ್ನು ಅರಿಯವು. ಅರಿಯುವ ಸಂಭವವೂ ಇರಲಿಲ್ಲ. ಅಸ್ಸಾಮಿನ ಬೆಟ್ಟಸೀಮೆಯಲ್ಲಿ ಸಿಂಗ್ಫೋ ಮೊದಲಾದ ಜನರು ಈ ಗಿಡವನ್ನು ಬಲ್ಲವರಾಗಿದ್ದರೂ ಅದು ಹೊರಗಿನವರ ಗಮನಕ್ಕೆ ಬಂದದ್ದು 1823ರಲ್ಲಿ. ಅಸ್ಸಾಮಿನ ಚಹಾ ಲಂಡನ್ನಿನಲ್ಲಿ ಮೊದಲು ಹರಾಜಾದದ್ದು 1839ರಲ್ಲಿ. ಆದುದರಿಂದ ಐದು ಸಾವಿರ ವರ್ಷಗಳ ಕಥೆಯನ್ನು ಇಲ್ಲಿಗೇ ಕೈಬಿಡಬಹುದು.

ಆದರೆ ಈ ಗ್ರಂಥಗಳು ಮತ್ತೊಂದು ವಿಷಯವನ್ನು ಹೇಳುತ್ತವೆ. ನಮ್ಮ ಪಾಕಶಾಸ್ತ್ರಗಳಲ್ಲಿ ಪಾನೀಯಕ್ಕೆ ಪ್ರತ್ಯೇಕ ಸ್ಥಾನವುಂಟು. ‘ಸೂಪಶಾಸ್ತ್ರ’ದಲ್ಲಿ ಪಾನಕಗಳಿಗೇ ಒಂದು ಅಧ್ಯಾಯವಿದೆ, ‘ಮಾನಸೋಲ್ಲಾಸ’ದಲ್ಲಿ ಅರಸನ ಭೋಗಗಳ ಸಾಲಿನಲ್ಲಿ ಪಾನೀಯಭೋಗವೂ ಒಂದು. ಇಲ್ಲಿ ಪಾನೀಯವೆಂದರೆ ಮುಖ್ಯವಾಗಿ ತಂಪಾದದ್ದು, ಸುಗಂಧಿತವಾದದ್ದು, ದಾಹವನ್ನು ತಣಿಸುವಂಥದ್ದು. ಬಿಸಿಯಾಗಿ, ಖಾರವಾಗಿ, ಮೆಣಸು ಶುಂಠಿಗಳನ್ನು ಕುದಿಸಿ ಕುಡಿಯುವ ದ್ರವದ ಸ್ಥಾನ ಅಡುಗೆಯ ಗ್ರಂಥವಲ್ಲ, ವೈದ್ಯದ ಗ್ರಂಥ. ಬಂದವರಿಗೆ ಪಾನಕ, ಬೇನೆಯವರಿಗೆ ಕಷಾಯ. ಈ ವಿಂಗಡಣೆ ನಮ್ಮ ವಿಷಯಕ್ಕೆ ತಳಹದಿ.

ಆಯುರ್ವೇದ ಕಷಾಯಕಲ್ಪನೆಗಳನ್ನು ಐದಾಗಿ ವಿಂಗಡಿಸುತ್ತದೆ: ಸ್ವರಸ, ಕಲ್ಕ, ಕ್ವಾಥ, ಹಿಮ, ಫಾಂಟ. ಇವುಗಳಲ್ಲಿ ಎರಡು ಇಲ್ಲಿ ಪ್ರಸ್ತುತ. ಬಿಸಿನೀರಿನಲ್ಲಿ ದ್ರವ್ಯವನ್ನು ಹಾಕಿ, ಬೆಂಕಿಗೆ ಇಡದೆ, ಸ್ವಲ್ಪ ಹೊತ್ತು ಬಿಟ್ಟು ಸೋಸಿಕೊಳ್ಳುವುದು ಫಾಂಟ. ನೀರಿನಲ್ಲಿ ದ್ರವ್ಯವನ್ನು ಹಾಕಿ, ನೀರು ಇಂಗುವಂತೆ ಕುದಿಸಿ ಸೋಸುವುದು ಕ್ವಾಥ. ಇವಲ್ಲದೆ ಕ್ಷೀರಪಾಕವೆಂಬ ವಿಧಾನವೂ ಉಂಟು. ‘ಶಾರ್ಙ್ಗಧರ ಸಂಹಿತೆ’ಯ ಪ್ರಕಾರ ದ್ರವ್ಯದ ಎಂಟು ಪಟ್ಟು ಹಾಲು, ಹಾಲಿನ ನಾಲ್ಕು ಪಟ್ಟು ನೀರು ಸೇರಿಸಿ, ನೀರೆಲ್ಲ ಇಂಗಿ ಹಾಲು ಮಾತ್ರ ಉಳಿಯುವವರೆಗೆ ಕುದಿಸಬೇಕು. ಇಂಗ್ಲಿಷ್ ಪದ್ಧತಿಯ ಚಹಾ, ಎಂದರೆ ಕುದಿದ ನೀರನ್ನು ಎಲೆಯ ಮೇಲೆ ಸುರಿದು, ಮುಚ್ಚಿಟ್ಟು, ಬೇರೆಯಾಗಿ ಹಾಲು ಸೇರಿಸುವ ಚಹಾ, ಈ ವರ್ಗೀಕರಣದಲ್ಲಿ ಶುದ್ಧ ಫಾಂಟ. ನಮ್ಮ ಮನೆಗಳ ಚಹಾ ಫಾಂಟವಲ್ಲ. ಅದು ಕ್ವಾಥದಲ್ಲಿ ಆರಂಭವಾಗಿ ಕ್ಷೀರಪಾಕದಲ್ಲಿ ಮುಗಿಯುತ್ತದೆ. ರೂಪಸಾದೃಶ್ಯವೇ ವಂಶಾವಳಿಯಲ್ಲ ಎಂಬ ಎಚ್ಚರ ಸಂಶೋಧಕನಿಗೆ ಅಗತ್ಯ. ಪುಣೆಯ ಗೃಹಿಣಿ ಶಾರ್ಙ್ಗಧರನನ್ನು ಓದಿ ಚಹಾ ಮಾಡಲಿಲ್ಲ. ಆದರೆ ಆಕೆಯ ಅಡುಗೆಮನೆಯಲ್ಲಿ ಶುಂಠಿಯನ್ನು ಜಜ್ಜಿ ಕುದಿಸಿ, ಹಾಲು ಬೆಲ್ಲ ಬೆರೆಸಿ, ಸೋಸಿ ಕೊಡುವ ರೂಢಿ ಚಹಾ ಬರುವ ಮೊದಲೇ ಇತ್ತು. ಮರಾಠಿಯಲ್ಲಿ ಅದಕ್ಕೆ ಕಾಢಾ ಎಂದು ಹೆಸರು. ಮಲೆನಾಡು ಕರಾವಳಿಗಳಲ್ಲಿ ಕೊತ್ತಂಬರಿ, ಜೀರಿಗೆ, ಮೆಣಸು, ಶುಂಠಿಗಳನ್ನು ಹುರಿದು ಪುಡಿಮಾಡಿಟ್ಟು, ಬೇಕಾದಾಗ ಹಾಲು ಬೆಲ್ಲದೊಡನೆ ಕುದಿಸಿ ಕುಡಿಯುವ ಕಷಾಯ ಇಂದಿಗೂ ಜೀವಂತವಾಗಿದೆ. ಅಲ್ಲಿ ಅದು ಔಷಧದ ಗಡಿಯನ್ನು ದಾಟಿ ನಿತ್ಯದ ಪಾನೀಯವೂ ಆಗಿದೆ.

ಚಹಾದ ಎಲೆ ಮತ್ತು ಮಸಾಲೆಗಳು ಪಶ್ಚಿಮ ಭಾರತದಲ್ಲಿ ಮೊದಲು ಕೂಡಿದ್ದು ಔಷಧವಾಗಿಯೇ ಎಂಬುದಕ್ಕೆ ಒಂದು ಮಹತ್ವದ ಆಧಾರವಿದೆ. 1689ರಲ್ಲಿ ಸೂರತ್ತಿಗೆ ಬಂದ ಪಾದ್ರಿ ಜಾನ್ ಓವಿಂಗ್ಟನ್ ತನ್ನ ಪ್ರವಾಸಗ್ರಂಥದಲ್ಲಿ (1696) ಅಲ್ಲಿನ ಬನಿಯಾ ವರ್ತಕರು ಚಹಾ ಕಾಫಿಗಳನ್ನು ಧಾರಾಳವಾಗಿ ಕುಡಿಯುತ್ತಿದ್ದರೆಂದೂ, ಖಾರದ ಸಂಬಾರ ಪದಾರ್ಥ ಹಾಕಿ ಕುದಿಸಿದ ಚಹಾ ತಲೆನೋವು, ಹೊಟ್ಟೆನೋವುಗಳಿಗೆ ಒಳ್ಳೆಯದೆಂಬ ಹೆಸರು ಪಡೆದಿತ್ತೆಂದೂ ಬರೆದಿದ್ದಾನೆ. ಕಲ್ಲುಸಕ್ಕರೆಯೊಡನೆ, ಇಲ್ಲವೆ ಉಪ್ಪಿನಲ್ಲೋ ಸಕ್ಕರೆಯಲ್ಲೋ ಹಾಕಿಟ್ಟ ಸಣ್ಣ ನಿಂಬೆಯೊಡನೆ ಅದನ್ನು ಕುಡಿಯುತ್ತಿದ್ದುದೂ ಅವನ ಮಾತಿನಿಂದ ತಿಳಿಯುತ್ತದೆ. ಆ ಎಲೆ ಚೀನಾದಿಂದ ಡಚ್ಚರ ಹಡಗುಗಳ ಮೂಲಕ ಬರುತ್ತಿದ್ದ ದುಬಾರಿ ಸರಕು. ಬಂದರಿನ ಶ್ರೀಮಂತರ ಬಳಕೆ ಒಳನಾಡಿನ ಅಡುಗೆಮನೆಗೆ ಇಳಿಯಲು ಇನ್ನೂ ಎರಡು ಶತಮಾನಗಳು ಬೇಕಾದವು. ಆದರೂ ಓವಿಂಗ್ಟನ್ನನ ಸಾಕ್ಷ್ಯ ಒಂದನ್ನು ಸ್ಪಷ್ಟಪಡಿಸುತ್ತದೆ: ಅಪರಿಚಿತ ಎಲೆಯೊಂದು ಕೈಗೆ ಸಿಕ್ಕಾಗ ಇಲ್ಲಿಯವರು ಅದನ್ನು ಕಷಾಯದ ಮಾದರಿಯಲ್ಲಿಯೇ ಅರ್ಥಮಾಡಿಕೊಂಡರು.

ಇನ್ನು ಪುಣೆಯ ಪ್ರಕರಣ. 1890ರ ಅಕ್ಟೋಬರಿನಲ್ಲಿ ನಗರದ ಪಂಚಹೌದ ಮಿಶನ್ನಿನಲ್ಲಿ ಏರ್ಪಾಟಾಗಿದ್ದ ಒಂದು ಸಭೆಗೆ ಊರಿನ ಗಣ್ಯರನೇಕರು ಹೋಗಿದ್ದರು. ಮಹಾದೇವ ಗೋವಿಂದ ರಾನಡೆ, ಬಾಲ ಗಂಗಾಧರ ತಿಲಕ, ಗೋಪಾಲಕೃಷ್ಣ ಗೋಖಲೆ ಅವರಲ್ಲಿ ಸೇರಿದ್ದರು. ಸಭೆಯ ಕೊನೆಯಲ್ಲಿ ಚಹಾ ಬಿಸ್ಕತ್ತು ಬಂದವು. ಕೆಲವರು ಕುಡಿದರು, ಕೆಲವರು ಮರ್ಯಾದೆಗಾಗಿ ಬಟ್ಟಲನ್ನು ಕೈಗೆ ತೆಗೆದುಕೊಂಡು ಕೆಳಗಿಟ್ಟರು. ವಿಷಯ ಅಲ್ಲಿಗೇ ಮುಗಿಯಬಹುದಾಗಿತ್ತು. ಆದರೆ ಗೋಪಾಳರಾವ ಜೋಶಿಯವರು (ವಿದೇಶದಲ್ಲಿ ವೈದ್ಯವಿದ್ಯೆ ಕಲಿತ ಆನಂದಿಬಾಯಿಯವರ ಪತಿ) ಹಾಜರಿದ್ದವರ ಪಟ್ಟಿಯನ್ನು ‘ಪುಣೆ ವೈಭವ’ ಪತ್ರಿಕೆಯಲ್ಲಿ ಬಹಿರಂಗಪಡಿಸಿದರು. ಸನಾತನಿಗಳು ಕೆರಳಿ, ಸಂಕೇಶ್ವರ ಮಠದ ಶಂಕರಾಚಾರ್ಯರಿಗೆ ದೂರು ಒಯ್ದರು. ಸಂಕೇಶ್ವರ ಇಂದಿನ ಬೆಳಗಾವಿ ಜಿಲ್ಲೆಯ ಹುಕ್ಕೇರಿ ಸೀಮೆಯ ಊರು. ಪುಣೆಯ ಬಟ್ಟಲಿನ ತೀರ್ಪು ಕನ್ನಡ ನೆಲದ ಪೀಠದಿಂದ ಬರಬೇಕಾಯಿತು. ಆಚಾರ್ಯರ ಪರವಾಗಿ ಶಾಸ್ತ್ರಿಗಳು ಪುಣೆಗೆ ಬಂದು ವಿಚಾರಣೆ ನಡೆಸಿದರು. ತಪ್ಪಿತಸ್ಥರಿಗೆ ಪ್ರಾಯಶ್ಚಿತ್ತ ವಿಧಿಸಲಾಯಿತು. ತಿಲಕರು ಕಾಶಿಯಲ್ಲಿ ತಾವು ಪ್ರಾಯಶ್ಚಿತ್ತ ಮಾಡಿಕೊಂಡುದಾಗಿ ತಿಳಿಸಿದರು. ಆದರೂ ಅವರ ಮನೆಯ ಶುಭಕಾರ್ಯಗಳಿಗೆ ಪುರೋಹಿತರು ದೊರೆಯುವುದು ಕೆಲಕಾಲ ಕಷ್ಟವಾಯಿತು. ರಾನಡೆಯವರು ಸ್ನೇಹಿತರ ಸಂಸಾರಗಳಿಗೆ ಒದಗಿದ ತೊಂದರೆಯನ್ನು ಕಂಡು 1892ರಲ್ಲಿ ಪ್ರಾಯಶ್ಚಿತ್ತಕ್ಕೆ ಒಪ್ಪಿದರು. ಪತ್ನಿ ರಮಾಬಾಯಿ ರಾನಡೆಯವರ ಆತ್ಮಕಥನದಲ್ಲಿ ಈ ಸಂಗತಿಯ ನಿರೂಪಣೆ ಇದೆ. ಪತಿಯ ಈ ಒಪ್ಪಿಗೆ ಆಕೆಗೆ ರುಚಿಸಿರಲಿಲ್ಲ.

ಈ ಪ್ರಕರಣವನ್ನು ಸುಧಾರಕ ಸನಾತನಿ ಸಂಘರ್ಷದ ಅಧ್ಯಾಯವಾಗಿ ಇತಿಹಾಸಕಾರರು ಸಾಕಷ್ಟು ಚರ್ಚಿಸಿದ್ದಾರೆ. ಪಾನೀಯದ ಇತಿಹಾಸದ ದೃಷ್ಟಿಯಿಂದ ನೋಡಿದವರು ಕಡಿಮೆ. ಹಾಗೆ ನೋಡಿದರೆ ಕಾಣುವುದೇನೆಂದರೆ, ವಿವಾದದ ಕೇಂದ್ರ ಎಲೆಯಲ್ಲ, ಕೈ. ಈ ಎಲೆಗೆ ಸ್ಮೃತಿಗಳಲ್ಲಿ ಹೆಸರೇ ಇಲ್ಲದುದರಿಂದ ಹೆಸರು ಹಿಡಿದು ನಿಷೇಧಿಸಲು ಅವಕಾಶವಿರಲಿಲ್ಲ. ಯಾರು ನೀರು ಕಾಸಿದರು, ಯಾರ ಪಾತ್ರೆ, ಯಾರ ಕೈಯಿಂದ ಬಂತು ಎಂಬುದೇ ದೋಷದ ಮೂಲ. ಚಹಾ ಸ್ವತಃ ನಿರ್ದೋಷಿಯಾಗಿ ಹೊರಬಂದಿತು. ಹೊರಗೆ ಕುಡಿಯುವುದು ಅಪಾಯವೆಂದಾದರೆ ಮನೆಯಲ್ಲಿ ಮಾಡಿಕೊಳ್ಳುವುದಕ್ಕೆ, ಅಥವಾ ಹೊರಗೆ ಮಾಡುವ ಕೈಯನ್ನು ಬದಲಾಯಿಸುವುದಕ್ಕೆ ಅಡ್ಡಿಯಿರಲಿಲ್ಲ. ಪುಣೆಯಲ್ಲಿ ಎರಡೂ ನಡೆದವು.

ಕೈ ಬದಲಾದ ಕಥೆಯೆಂದರೆ ‘ಅಮೃತತುಲ್ಯ’ಗಳ ಕಥೆ. ಪುಣೆಯ ಪೇಟೆಗಳಲ್ಲಿ 1920ರ ದಶಕದಿಂದ ಕಾಣಿಸಿಕೊಂಡ ಈ ಸಣ್ಣ ಚಹಾದ ಅಂಗಡಿಗಳನ್ನು ನಡೆಸಿದವರು ಹೆಚ್ಚಾಗಿ ರಾಜಸ್ಥಾನದಿಂದ ಬಂದ ಶ್ರೀಮಾಲಿ ಬ್ರಾಹ್ಮಣ ಮನೆತನದವರು. ಅಂಗಡಿಗೆ ದೇವರ ಹೆಸರು, ಅದರ ಮುಂದೆ ಅಮೃತತುಲ್ಯ ಎಂಬ ಪದ. ಬಾಗಿಲಲ್ಲಿಯೇ ಒಲೆ, ಒಲೆಯ ಮೇಲೆ ಥಳಥಳಿಸುವ ಹಿತ್ತಾಳೆಯ ಪಾತ್ರೆ, ಪಕ್ಕದಲ್ಲಿ ಶುಂಠಿ ಏಲಕ್ಕಿ ಕುಟ್ಟುವ ಖಲಬತ್ತು. ಹಾಲು, ನೀರು, ಸಕ್ಕರೆ, ಚಹಾಪುಡಿ, ಮಸಾಲೆ ಎಲ್ಲವೂ ಗಿರಾಕಿಯ ಕಣ್ಣೆದುರಿನಲ್ಲಿಯೇ ಒಂದು ಪಾತ್ರೆಯಲ್ಲಿ ಕುದಿಯುತ್ತವೆ. ಬಟ್ಟೆಯಲ್ಲಿ ಸೋಸಿ ಕೊಡಲಾಗುತ್ತದೆ. ಮಾಡುವವನ ಜಾತಿ, ದೇವರ ಹೆಸರು, ಕಣ್ಣೆದುರಿನ ಪಾಕ ಈ ಮೂರೂ ಸೇರಿ 1890ರ ಪ್ರಶ್ನೆಗೆ ಮಾತಿಲ್ಲದೆ ಉತ್ತರ ಕೊಟ್ಟವೆನ್ನುವುದು ನನ್ನ ಅಭಿಪ್ರಾಯ. ಇದೇ ಕಾಲದಲ್ಲಿ ಇರಾನಿ ಹೋಟೆಲುಗಳೂ ಬೆಳೆದವು. ಡೆಕ್ಕನ್ ಜಿಮಖಾನಾದ ಗುಡ್‌ಲಕ್ ಕೆಫೆ 1935ರದು. ಅಲ್ಲಿನ ಚಹಾದ ರೀತಿಯೇ ಬೇರೆ, ಮಸಾಲೆಯಿಲ್ಲದ್ದು, ಚಹಾದ ರಸವನ್ನೂ ಹಾಲನ್ನೂ ಬೇರೆಬೇರೆಯಾಗಿ ಕಾಯಿಸಿ ಬಟ್ಟಲಿನಲ್ಲಿ ಕೂಡಿಸುವಂಥದ್ದು. ಪುಣೆಯ ಮನೆಗಳು ಅನುಸರಿಸಿದ್ದು ಇರಾನಿ ರೀತಿಯನ್ನಲ್ಲ, ಅಮೃತತುಲ್ಯದ ರೀತಿಯನ್ನು. ಮನೆಯವರು ಅಂಗಡಿಯಿಂದ ಕಲಿತರೋ, ಅಂಗಡಿಯವರು ಮನೆಯ ಕಾಢಾವನ್ನು ಬೀದಿಗೆ ತಂದರೋ ಎಂದು ಕೇಳಿದರೆ, ಕೊಡುಕೊಳೆ ಎರಡೂ ಕಡೆಯಿಂದ ನಡೆಯಿತೆನ್ನುವುದೇ ಸರಿ.

ಮನೆಯ ಕೈ ಎಂಬುದಕ್ಕೂ ಒಂದು ಭೌತಿಕ ಹಿನ್ನೆಲೆಯಿದೆ. ಕಟ್ಟಿಗೆಯ ಒಲೆಯಲ್ಲಿ ಒಂದು ಬಟ್ಟಲು ಚಹಾಕ್ಕಾಗಿ ಬೆಂಕಿ ಹೊತ್ತಿಸುವುದು ಯಾವ ಗೃಹಿಣಿಗೂ ಒಪ್ಪಿಗೆಯಾಗದ ಕೆಲಸ. ಇದ್ದಿಲಿನ ಶೇಗಡಿ, ಅನಂತರ ಗಾಳಿ ಹೊಡೆಯುವ ಸೀಮೆಎಣ್ಣೆಯ ಪ್ರೈಮಸ್ ಸ್ಟೋವ್ ಬಂದ ಮೇಲೆ, ಅಡುಗೆಯ ಹೊತ್ತಲ್ಲದ ಹೊತ್ತಿನಲ್ಲಿ ಐದು ನಿಮಿಷದ ಪಾಕ ಸಾಧ್ಯವಾಯಿತು. ಚಹಾದ ಇತಿಹಾಸ ಬರೆಯುವವರು ಎಲೆಯ ವಿಚಾರ ಹೇಳುವಷ್ಟು ಒಲೆಯ ವಿಚಾರ ಹೇಳುವುದಿಲ್ಲ, ಅದು ಕೊರತೆ.

ಈ ನಡುವೆ ಎಲೆಯನ್ನು ಮಾರುವವರ ಪ್ರಯತ್ನವೂ ನಡೆದಿತ್ತು. 1903ರಲ್ಲಿ ಚಹಾದ ರಫ್ತಿನ ಮೇಲೆ ಕರ ವಿಧಿಸಿ, ಬಂದ ಹಣವನ್ನು ಚಹಾದ ಪ್ರಚಾರಕ್ಕೆ ವಿನಿಯೋಗಿಸುವ ಕಾನೂನಾಯಿತು. 1930ರ ದಶಕದ ಜಾಗತಿಕ ಆರ್ಥಿಕ ಕುಸಿತದಲ್ಲಿ ಹೊರದೇಶದ ಬೆಲೆ ಬಿದ್ದಾಗ ತೋಟದ ಮಾಲೀಕರ ದೃಷ್ಟಿ ಒಳನಾಡಿನ ಜನರ ಮೇಲೆ ಬಿತ್ತು. ಪ್ರಚಾರಕರು ಊರೂರು ತಿರುಗಿ ಚಹಾ ಮಾಡಿ ತೋರಿಸಿದರು. ರೈಲು ನಿಲ್ದಾಣಗಳಲ್ಲಿ ಎನಾಮಲ್ ಫಲಕಗಳು ಎದ್ದವು. ಅವರು ಕಲಿಸಿದ ಕ್ರಮ ಖಚಿತವಾಗಿತ್ತು: ಹೊಸ ನೀರನ್ನು ಕುದಿಸಿ, ಅಳತೆಯ ಎಲೆಯ ಮೇಲೆ ಸುರಿದು, ಕೆಲವು ನಿಮಿಷ ಮುಚ್ಚಿಟ್ಟು, ಹಾಲು ಸಕ್ಕರೆಗಳನ್ನು ಕೊನೆಗೆ ಬೆರೆಸಬೇಕು. ಎಲೆಯನ್ನು ಕುದಿಸಕೂಡದು. ಮಸಾಲೆಯನ್ನಂತೂ ಅವರು ಮೆಚ್ಚಲಿಲ್ಲ; ಮಸಾಲೆ ಮತ್ತು ಹಾಲು ಹೆಚ್ಚಾದರೆ ಎಲೆ ಕಡಿಮೆ ಸಾಕಾಗುತ್ತದೆ ಎಂಬುದು ಮಾರುವವನ ಲೆಕ್ಕ. ಕೊಳ್ಳುವವರ ಲೆಕ್ಕವೂ ಅದೇ ಆಗಿತ್ತು, ದಿಕ್ಕು ಮಾತ್ರ ಬೇರೆ. ದುಬಾರಿಯಾದ ಎಲೆಯ ಸಾರವನ್ನು ಪೂರ್ತಿ ಹೊರತೆಗೆಯಲು ಕುದಿಸುವುದೇ ಉಪಾಯ. ಕುದಿಸಿದಾಗ ಬರುವ ಒಗರನ್ನು ಹಾಲು, ಸಕ್ಕರೆ, ಶುಂಠಿ ತಗ್ಗಿಸುತ್ತವೆ.

ಕುತೂಹಲದ ಸಂಗತಿಯೊಂದನ್ನು ಇಲ್ಲಿ ಹೇಳಬೇಕು. ಗಾಂಧೀಜಿ 1942ರಲ್ಲಿ ಪುಣೆಯ ಆಗಾಖಾನ್ ಅರಮನೆಯಲ್ಲಿ ಬಂಧನದಲ್ಲಿದ್ದಾಗ ಆರೋಗ್ಯವನ್ನು ಕುರಿತು ಗುಜರಾತಿಯಲ್ಲಿ ಒಂದು ಹೊತ್ತಗೆ ಬರೆದರು. ಅದರಲ್ಲಿ ಚಹಾ, ಕಾಫಿ, ಕೋಕೋಗಳ ವಿಚಾರವೂ ಇದೆ. ಇವು ಯಾವುವೂ ದೇಹಕ್ಕೆ ಅಗತ್ಯವಲ್ಲವೆಂದು ಹೇಳಿದ ಅವರು, ಎಲೆಯಲ್ಲಿರುವ ಟ್ಯಾನಿನ್ ಹಾನಿಕರವಾದುದರಿಂದ ಎಲೆಯನ್ನು ಕುದಿಸದೆ, ಸೋಸುಬಟ್ಟಲಿನಲ್ಲಿಟ್ಟು ಮೇಲೆ ಕುದಿನೀರು ಸುರಿದು, ತಿಳಿಹಳದಿ ಬಣ್ಣದ ನೀರನ್ನು ಮಾತ್ರ ತೆಗೆದುಕೊಳ್ಳಬಹುದೆಂದರು. ಚಹಾವನ್ನು ಹರಡಬಯಸಿದವರೂ ಬಿಡಿಸಬಯಸಿದವರೂ ಒಂದೇ ಮಾತು ಹೇಳಿದರು: ಕುದಿಸಬೇಡಿ. ಅರಮನೆಯ ಗೋಡೆಯಾಚೆಯ ಊರು ಇಬ್ಬರ ಮಾತನ್ನೂ ಕೇಳಲಿಲ್ಲ. ಶಾಸ್ತ್ರೀಯ ಪರಿಭಾಷೆಯಲ್ಲಿ ಹೇಳುವುದಾದರೆ ಇಬ್ಬರೂ ಫಾಂಟವನ್ನು ಬೋಧಿಸಿದರು, ಜನ ಕ್ವಾಥವನ್ನು ಬಿಡಲಿಲ್ಲ. ಬೇರೆಡೆಯಿಂದ ಬಂದ ವಸ್ತುವನ್ನು ಸ್ವೀಕರಿಸಿ, ಅದರೊಡನೆ ಬಂದ ಉಪದೇಶವನ್ನು ಸ್ವೀಕರಿಸದಿರುವ ಈ ನಡತೆಗೆ ಮಧ್ಯಕಾಲೀನ ಸಾಹಿತ್ಯದ ಅಭ್ಯಾಸಿಗಳಿಗೆ ಬೇಕಾದಷ್ಟು ನಿದರ್ಶನಗಳು ಗೊತ್ತು. ಸಂಸ್ಕೃತದ ಕಾವ್ಯವಸ್ತು ಷಟ್ಪದಿಗೆ ಇಳಿದಾಗಲೂ ಹೀಗೆಯೇ ಆಯಿತು.

ಕುದಿಸುವ ರೂಢಿಗೆ ಕೊನೆಗೆ ಎಲೆಯೇ ಒಗ್ಗಿಕೊಂಡಿತು. 1930ರ ದಶಕದ ಆರಂಭದಲ್ಲಿ ಅಸ್ಸಾಮಿನಲ್ಲಿ ರೂಪುಗೊಂಡ ಸಿ.ಟಿ.ಸಿ. ಯಂತ್ರ ಎಲೆಯನ್ನು ಅರೆದು, ಹರಿದು, ಸಣ್ಣ ಹರಳುಗಳಾಗಿ ಸುರುಳಿಸುತ್ತದೆ. ಈ ಹರಳು ಬೇಗ ಬಣ್ಣ ಬಿಡುತ್ತದೆ, ಹಾಲಿನ ಭಾರವನ್ನು ತಾಳುತ್ತದೆ, ಸ್ವಲ್ಪದಲ್ಲೇ ಹೆಚ್ಚು ಬಟ್ಟಲುಗಳಿಗೆ ಒದಗುತ್ತದೆ. ಸ್ವಾತಂತ್ರ್ಯಾನಂತರದ ದಶಕಗಳಲ್ಲಿ ಇದರ ಉತ್ಪಾದನೆ ಬೆಳೆದು, ಇಂದು ದೇಶದ ಚಹಾದಲ್ಲಿ ಬಹುಪಾಲು ಇದೇ ಆಗಿದೆ. ಇಂದು ನಾವು ಮಸಾಲೆ ಚಹಾ ಎಂದು ಗುರುತಿಸುವ ದಟ್ಟ ಕೆಂಗಂದು ಬಣ್ಣದ ಪಾನೀಯ ಈ ಹರಳಿಲ್ಲದೆ ಸಾಧ್ಯವಿರಲಿಲ್ಲ. ಎಂದ ಮೇಲೆ, ಅದರ ಇಂದಿನ ರೂಪಕ್ಕೆ ಒಂದು ನೂರು ವರ್ಷವೂ ಆಗಿಲ್ಲ.

ಪುಣೆಯ ಮನೆಯೊಂದರಲ್ಲಿ ಈಗ ಚಹಾ ಮಾಡುವ ಕ್ರಮವನ್ನು ಸ್ವಲ್ಪ ವಿವರವಾಗಿ ದಾಖಲಿಸುವುದು ಉಚಿತ. ಅಡುಗೆಯ ಪುಸ್ತಕಗಳು ಇದನ್ನು ತೀರ ಸಾಮಾನ್ಯವೆಂದು ಬಿಟ್ಟುಬಿಡುತ್ತವೆ. ಐವತ್ತು ವರ್ಷ ಕಳೆದರೆ ಸಂಶೋಧಕರು ಹುಡುಕುವುದು ಇಂಥದನ್ನೇ. ಎರಡು ಬಟ್ಟಲಿಗೆ ಒಂದೂಕಾಲು ಬಟ್ಟಲು ನೀರು. ಹೆಬ್ಬೆರಳ ಅರ್ಧದಷ್ಟು ಹಸಿಶುಂಠಿಯನ್ನು ಜಜ್ಜಿ ತಣ್ಣೀರಿನಲ್ಲಿಯೇ ಹಾಕಿ ಒಲೆಗಿಡುತ್ತಾರೆ. ಮಳೆಗಾಲವಾದರೆ ‘ಗವತಿ ಚಹಾ’ದ, ಎಂದರೆ ನಮ್ಮ ಮಜ್ಜಿಗೆ ಹುಲ್ಲಿನ, ಒಂದೆರಡು ಎಸಳನ್ನು ಗಂಟುಹಾಕಿ ಸೇರಿಸುತ್ತಾರೆ. ಸಕ್ಕರೆಯನ್ನು ಈ ಹಂತದಲ್ಲಿಯೇ ಹಾಕುವವರು ಹೆಚ್ಚು. ನೀರು ಮೂರು ನಾಲ್ಕು ನಿಮಿಷ ಕುದಿದು ಶುಂಠಿಯ ಖಾರ ಇಳಿದ ಮೇಲೆ ಎರಡು ಚಿಕ್ಕ ಚಮಚ ಚಹಾಪುಡಿ. ಬಣ್ಣ ಬಂದ ಮೇಲೆ ಮುಕ್ಕಾಲು ಬಟ್ಟಲು ಹಾಲು, ಅದೂ ಕಾಯಿಸಿದ್ದು. ಒಂದೆರಡು ಬಾರಿ ಉಕ್ಕು ಬಂದಾಗ ಉರಿ ತಗ್ಗಿಸಿ ಮತ್ತೆ ಏರಿಸುತ್ತಾರೆ. ಸಿಪ್ಪೆಸಹಿತ ಕುಟ್ಟಿದ ಏಲಕ್ಕಿಯನ್ನು ಕೊನೆಯಲ್ಲಿ ಹಾಕಿ, ಒಲೆ ಆರಿಸಿ, ಒಂದು ನಿಮಿಷ ಮುಚ್ಚಿಟ್ಟು ಸೋಸುತ್ತಾರೆ. ಚಳಿಗಾಲದಲ್ಲಿ ಒಣಶುಂಠಿ, ಮೆಣಸು, ಲವಂಗ, ಚಕ್ಕೆ, ತುಸು ಜಾಯಿಕಾಯಿ ಕೂಡಿದ ಪುಡಿಯ ಚಿಟಿಕೆ ಇದಕ್ಕೆ ಸೇರುತ್ತದೆ.

ಈ ಕ್ರಮದಲ್ಲಿ ಯಾವುದೂ ಅಕಾರಣವಲ್ಲ. ಹಸಿಶುಂಠಿಯಲ್ಲಿ ಹಾಲನ್ನು ಒಡೆಯುವ ಕಿಣ್ವವೊಂದಿದೆ. ನೀರಿನಲ್ಲಿ ಚೆನ್ನಾಗಿ ಕುದಿದಾಗ ಅದು ಶಕ್ತಿಗುಂದುತ್ತದೆ. ಹಾಲು ಹಾಕಿದ ಮೇಲೆ ಹಸಿಶುಂಠಿ ಹಾಕಿದರೆ ಚಹಾ ಒಡೆಯುವ ಅಪಾಯವಿದೆ. ಏಲಕ್ಕಿಯ ಪರಿಮಳ ಆವಿಯಾಗುವ ತೈಲದಲ್ಲಿದೆ; ಮೊದಲೇ ಹಾಕಿದರೆ ಅದು ಅಡುಗೆಮನೆಗೆ ದಕ್ಕುತ್ತದೆ, ಬಟ್ಟಲಿಗಲ್ಲ. ಹಾಲಿನ ಪ್ರೋಟೀನು ಚಹಾದ ಟ್ಯಾನಿನ್ನಿನೊಡನೆ ಕೂಡಿಕೊಂಡು ಒಗರನ್ನು ಮೃದುಗೊಳಿಸುತ್ತದೆ. ರಸಾಯನಶಾಸ್ತ್ರ ಓದದ ಕೈಗಳು ಇದನ್ನೆಲ್ಲ ಕಂಡುಕೊಂಡದ್ದು ಕಾಢಾ ಮತ್ತು ಪಾಯಸಗಳ ಅನುಭವದಿಂದ. ಪಾಯಸಕ್ಕೂ ಏಲಕ್ಕಿ ಬೀಳುವುದು ಇಳಿಸುವ ಹೊತ್ತಿನಲ್ಲಿಯೇ ಅಲ್ಲವೆ?

ಮಸಾಲೆಯ ಭೂಗೋಳದಲ್ಲಿಯೂ ಕನ್ನಡ ನಾಡು ಬರುತ್ತದೆ. ಸಹ್ಯಾದ್ರಿಯ ಏಲಕ್ಕಿ, ಮೆಣಸುಗಳು ಶಿರಸಿ ಸೀಮೆಯ ತೋಟಗಳಿಂದ ಘಟ್ಟದ ಮೇಲಿನ ಪೇಟೆಗಳಿಗೆ ಬರುತ್ತಿದ್ದವು. ಹಾವೇರಿಯಲ್ಲಿ ಮಲೆನಾಡಿನ ಏಲಕ್ಕಿಯನ್ನು ಅಲ್ಲಿನ ಬಾವಿಯ ನೀರಿನಲ್ಲಿ ತೊಳೆದು ಬಿಳುಪುಗೊಳಿಸಿ ಮಾರುವ ಉದ್ಯಮ ಹತ್ತೊಂಬತ್ತನೆಯ ಶತಮಾನದಲ್ಲಿಯೇ ಹೆಸರಾಗಿತ್ತು. ಇಂದು ಆ ಊರು ಏಲಕ್ಕಿಯ ಹಾರಗಳಿಂದ ಮಾತ್ರ ನೆನಪಾಗುತ್ತದೆ.

ಭಾಷೆಯ ಸಾಕ್ಷ್ಯವೂ ಇದೇ ದಿಕ್ಕಿನಲ್ಲಿದೆ. ಕನ್ನಡ ಮರಾಠಿಗಳೆರಡರಲ್ಲೂ ಚಹಾ ಎಂಬ ಪದ ಚೀನೀ ಮೂಲದ್ದು, ಪಶ್ಚಿಮ ತೀರದ ವ್ಯಾಪಾರದ ಮೂಲಕ ಬಂದದ್ದು. ದಕ್ಷಿಣ ಕರ್ನಾಟಕದ ಟೀ ಇಂಗ್ಲಿಷಿನಿಂದ ಬಂತು. ಹೆಸರು ಎರವಲಾದರೂ ಕ್ರಿಯಾಪದಗಳು ಎರವಲಾಗಲಿಲ್ಲ. ಚಹಾವನ್ನು ನಾವು ಕಾಸುತ್ತೇವೆ, ಕುದಿಸುತ್ತೇವೆ, ಸೋಸುತ್ತೇವೆ. ಧಾರವಾಡದ ಕಡೆ ‘ಚಹಾಕ್ಕ ಇಡು’ ಎನ್ನುತ್ತಾರೆ. ಎಲ್ಲವೂ ಕಷಾಯದ ಕ್ರಿಯಾಪದಗಳು. ವಿನೋದವೆಂದರೆ, ಕಷಾಯವೆಂಬರ್ಥದ ‘ಡಿಕಾಕ್ಷನ್’ ಎಂಬ ಇಂಗ್ಲಿಷ್ ವೈದ್ಯಪದವನ್ನು ನಾವು ಕಾಫಿಗೆ ಕಟ್ಟಿದೆವು. ಫಿಲ್ಟರಿನಲ್ಲಿ ತೊಟ್ಟಿಕ್ಕುವ ಕಾಫಿಯ ರಸ ಕುದಿದದ್ದಲ್ಲ, ಅದು ಫಾಂಟಕ್ಕೆ ಹತ್ತಿರ. ನಿಜವಾದ ಕಷಾಯವಾದ ಚಹಾಕ್ಕೆ ಆ ಹೆಸರು ಹತ್ತಲೇ ಇಲ್ಲ. ಮಜ್ಜಿಗೆ ಹುಲ್ಲಿಗೆ ಮರಾಠಿಯಲ್ಲಿ ‘ಹುಲ್ಲಿನ ಚಹಾ’ ಎಂಬ ಹೆಸರು ಬಂದುದೂ ಗಮನಾರ್ಹ. ಹಳೆಯ ಗಿಡಕ್ಕೆ ಹೊಸ ಪಾನೀಯದ ಹೆಸರಿಟ್ಟಾಗ, ಹೊಸದು ಎಷ್ಟು ಆಳಕ್ಕೆ ಇಳಿದಿದೆಯೆಂದು ತಿಳಿಯುತ್ತದೆ.

ಪುಣೆಯಲ್ಲಿ ನೆಲೆಸಿದ ಕನ್ನಡಿಗರು ಒಂದೇ ಬಗೆಯವರಲ್ಲ. ಬೆಳಗಾವಿ ಧಾರವಾಡಗಳ ಕಡೆಯವರಿಗೆ ಇಲ್ಲಿನ ಚಹಾ ಹೊ�ಸದಾಗಿರಲಿಲ್ಲ. ಕರಾವಳಿಯಿಂದ ಹೋಟೆಲು ಉದ್ಯಮಕ್ಕಾಗಿ ಬಂದವರು ಕಾಫಿಯನ್ನು ತಂದರು. ಫರ್ಗ್ಯುಸನ್ ರಸ್ತೆಯ ‘ವೈಶಾಲಿ’ಯನ್ನು ಬೆಳೆಸಿದ ಜಗನ್ನಾಥ ಶೆಟ್ಟಿಯವರ ಹೆಸರು ಈ ಊರಿನ ಫಿಲ್ಟರ್ ಕಾಫಿಯೊಡನೆ ಸೇರಿಕೊಂಡಿದೆ. ಆದರೆ ಅದು ಹೊರಗಿನ ಪಾನೀಯವಾಗಿ ಉಳಿಯಿತು. ಮರಾಠಿ ಮನೆಗಳ ಬೆಳಗು ಚಹಾದ್ದೇ. ಕರಾವಳಿ ಮಲೆನಾಡುಗಳ ಮನೆಗಳಲ್ಲಿ ಕಷಾಯದ ಪುಡಿಯ ಡಬ್ಬಿ ಚಹಾ ಮಸಾಲೆಯ ಡಬ್ಬಿಯ ಪಕ್ಕಕ್ಕೆ ಬಂದು ಕುಳಿತಿತು. ಎರಡರಲ್ಲೂ ಶುಂಠಿ ಮೆಣಸುಗಳು ಸಮಾನ. ಒಂದರಲ್ಲಿ ಕೊತ್ತಂಬರಿ ಜೀರಿಗೆ, ಇನ್ನೊಂದರಲ್ಲಿ ಏಲಕ್ಕಿ ಲವಂಗ.

ಚಹಾ ಎಲ್ಲರನ್ನೂ ಒಂದುಗೂಡಿಸಿತು ಎಂದು ಹೇಳಿ ಮುಗಿಸುವುದು ಸುಲಭ. ಹಾಗೆ ಹೇಳುವ ಬರೆಹಗಳು ಬೇಕಾದಷ್ಟಿವೆ. ಆದರೆ 1890ರ ‘ಕೈ’ಯ ಪ್ರಶ್ನೆ 1892ರಲ್ಲಿ ಮುಗಿಯಲಿಲ್ಲ. ಮೇಲ್ಜಾತಿಯವರಿಗೆ ಅದು ಪ್ರಾಯಶ್ಚಿತ್ತದಿಂದಲೋ ಅಮೃತತುಲ್ಯದಿಂದಲೋ ಬಗೆಹರಿಯಿತು. ಇತರರಿಗೆ ಬಗೆಹರಿಯಲಿಲ್ಲ. ಸೋಲಾಪುರ ಜಿಲ್ಲೆಯ ಅಕ್ಕಲಕೋಟೆ ಸೀಮೆ ಕನ್ನಡ ಮರಾಠಿಗಳೆರಡೂ ಆಡುವ ಗಡಿಪ್ರದೇಶ. ಅಲ್ಲಿ ಹುಟ್ಟಿದ ಶರಣಕುಮಾರ ಲಿಂಬಾಳೆಯವರ ಆತ್ಮಕಥನ ‘ಅಕ್ಕರಮಾಶಿ’ (1984) ಹಳ್ಳಿಯ ಚಹಾದಂಗಡಿಯಲ್ಲಿ ಮಹಾರರಿಗೆ ಬೇರೆ ಕಪ್ಪುಬಸಿ ಇಟ್ಟಿದ್ದುದನ್ನು ದಾಖಲಿಸುತ್ತದೆ. ಕರ್ನಾಟಕದ ಹಳ್ಳಿಗಳಲ್ಲಿಯೂ ಪ್ರತ್ಯೇಕ ಲೋಟದ ಪದ್ಧತಿಯ ವಿರುದ್ಧ ದಲಿತ ಚಳವಳಿ ಹೋರಾಡಬೇಕಾಯಿತು. ಮಿಶನ್ನಿನ ಬಟ್ಟಲನ್ನು ಮುಟ್ಟಿದ್ದಕ್ಕಾಗಿ ರಾನಡೆ ತಿಲಕರು ಎದುರಿಸಿದ ತೊಂದರೆಯ ಬಗ್ಗೆ ಇರುವ ಬರೆವಣಿಗೆಗೆ ಹೋಲಿಸಿದರೆ ಈ ಬೇರೆ ಬಟ್ಟಲಿನ ಬಗ್ಗೆ ಚಹಾದ ಇತಿಹಾಸಕಾರರು ಬರೆದದ್ದು ತೀರ ಸ್ವಲ್ಪ. ಪಾನೀಯದ ಇತಿಹಾಸಕ್ಕೆ ಎರಡೂ ಒಂದೇ ಅಧ್ಯಾಯದ ಸಂಗತಿಗಳು. ಮನೆಯಲ್ಲಿ ಚಹಾ ಮಾಡಿಕೊಳ್ಳುವುದೆಂದರೆ ಒಬ್ಬರಿಗೆ ಮಡಿ, ಇನ್ನೊಬ್ಬರಿಗೆ ಅವಮಾನದಿಂದ ಬಿಡುಗಡೆ.

ಬಟ್ಟಲನ್ನು ಮುಟ್ಟುವುದೂ ಬಿಡುವುದೂ ಇಂದಿಗೂ ಅರ್ಥವಿಲ್ಲದ ಕ್ರಿಯೆಗಳಾಗಿಲ್ಲ. ಮಹಾರಾಷ್ಟ್ರದಲ್ಲಿ ವಿಧಾನಮಂಡಲದ ಅಧಿವೇಶನದ ಮುನ್ನಾದಿನ ಮುಖ್ಯಮಂತ್ರಿಗಳು ಚಹಾಪಾನಕ್ಕೆ ಕರೆಯುವುದೂ, ವಿರೋಧ ಪಕ್ಷದವರು ಅದನ್ನು ಬಹಿಷ್ಕರಿಸುವುದೂ ರೂಢಿಯಾಗಿ ನಡೆದುಬಂದಿವೆ. ಚಹಾ ಹೇಗಿತ್ತೆಂದು ಅಲ್ಲಿ ಯಾರೂ ಕೇಳುವುದಿಲ್ಲ.

ಮನೆಯೊಳಗೆ ಮಾತ್ರ ಹಳೆಯ ಸಂಬಂಧ ಕಣ್ಣಿಗೆ ಬೀಳುವ ದಿನವೊಂದು ಬರುತ್ತದೆ. ಯಾರಿಗಾದರೂ ನೆಗಡಿಯಾಗಿ ಗಂಟಲು ಕಟ್ಟಿದಾಗ, ಪುಣೆಯ ಗೃಹಿಣಿ ಅದೇ ಪಾತ್ರೆಯಲ್ಲಿ ಅದೇ ಶುಂಠಿ, ಅದೇ ಮೆಣಸು, ಅದೇ ಗವತಿ ಚಹಾದ ಎಸಳುಗಳನ್ನು ಹಾಕಿ ಕುದಿಸುತ್ತಾಳೆ. ಚಹಾಪುಡಿಯನ್ನು ಮಾತ್ರ ಹಾಕುವುದಿಲ್ಲ. ಆಗ ಅದರ ಹೆಸರು ಮರಾಠಿಯಲ್ಲಿ ಕಾಢಾ, ಪಕ್ಕದ ಕನ್ನಡದ ಮನೆಯಲ್ಲಿ ಕಷಾಯ.